ದೇಶ ಬದಲಿಸಿದ್ದು ಕರೆಂಟೇನಾ? ಪರ – ವಿರೋಧ

ಪರ

1947ರಲ್ಲಿ ಇಡೀ ದೇಶದ ವಿದ್ಯುತ್ ಸಾಮರ್ಥ್ಯ ಸುಮಾರು 1,360 ಮೆಗಾವಾಟ್. ಇವತ್ತು ಯಾದಗಿರಿ ಪಕ್ಕದ ರಾಯಚೂರಿನಲ್ಲಿ, ಶಕ್ತಿನಗರದ ಹಳೇ ಸ್ಥಾವರ ಒಂದರದ್ದೇ 1,720. ಆಗ ಕರೆಂಟ್ ಕಂಡಿದ್ದ ಹಳ್ಳಿಗಳು ದೇಶದಲ್ಲೆಲ್ಲಾ ಸುಮಾರು 1,500 ಅಷ್ಟೇ. ಲಾಭ ನೋಡುವ ಕಂಪನಿ ನಾಲ್ಕು ಮನೆಗೋಸ್ಕರ ಮೈಲಿಗಟ್ಟಲೆ ಕಂಬ ನೆಡುತ್ತದಾ? 1948ರ ಕಾಯ್ದೆಯಿಂದ ರಾಜ್ಯಗಳಲ್ಲಿ ವಿದ್ಯುತ್ ಮಂಡಳಿಗಳು ಬಂದವು. ಕಂಬ ನೆಟ್ಟವರು ಅವರು. 1969ರಲ್ಲಿ ಗ್ರಾಮೀಣ ವಿದ್ಯುದೀಕರಣ ನಿಗಮವೂ ಆಯಿತು, ಪಂಪ್‌ಸೆಟ್ಟಿಗೆ ಸಾಲ ಸಿಕ್ಕಿತು.

ಆದರೆ ನನ್ನ ಕೇಳಿದರೆ, ನಮ್ಮ ಕಲ್ಯಾಣ ಕರ್ನಾಟಕದ ಕಡೆ ಬಲ್ಬಿಗಿಂತ ದೊಡ್ಡದು ಗಿರಣಿ. ಜೋಳದ ರೊಟ್ಟಿ ಉಣ್ಣುವ ಸೀಮೆ ಇದು. ಕೋಳಿ ಕೂಗುವ ಮೊದಲೇ ಎದ್ದು ಬೀಸುಕಲ್ಲಿನ ಗೂಟ ಹಿಡಿಯುತ್ತಿದ್ದವರು ಮನೆಯ ಹೆಂಗಸರು. ಒಂದು ಕೈಯಲ್ಲಿ ಗೂಟ, ಇನ್ನೊಂದರಲ್ಲಿ ಹಿಡಿ ಜೋಳ, ತೊಡೆಯ ಮೇಲೆ ಮಲಗಿದ ಕೂಸು. ಈಗ ಡಬ್ಬಿ ತಗೊಂಡು ಹೋದರೆ ಸ್ವಲ್ಪ ಹೊತ್ತಿನ ಕೆಲಸ. ಬೀಸುವ ಪದ ಮರೆತುಹೋಯಿತು ಅಂತ ಸುಮ್ನೆ ಹಲುಬುವವರು ಒಂದು ವಾರ ಬೀಸಿ ನೋಡಲಿ!

ವಿರೋಧ

ಗಿರಣಿ ಮಾತೇ ತಗೊಳ್ಳೋಣ. ಎಷ್ಟೋ ಊರಲ್ಲಿ ಅದು ಮೊದಲು ಓಡಿದ್ದು ಡೀಸೆಲ್ ಎಂಜಿನ್ನಿನ ಮೇಲೆ. ಲೈನು ಬಂದದ್ದು ಆಮೇಲೆ.

ಇನ್ನು ಸರ್ಕಾರಿ ಲೆಕ್ಕ. 1997ರವರೆಗೆ ಊರಿನ ಗಡಿಯೊಳಗೆ ಯಾವ ಕೆಲಸಕ್ಕೆ ಕರೆಂಟ್ ಬಳಸಿದರೂ ಆ ಊರು ವಿದ್ಯುದೀಕರಣ ಆದ ಹಾಗೆ. ಗೌಡರ ಹೊಲದಲ್ಲಿ ಒಂದು ಪಂಪು ಓಡಿದರೆ ಸಾಕು, ಓಣಿಯಲ್ಲೆಲ್ಲಾ ಚಿಮಣಿ ಉರಿಯುತ್ತಿದ್ದರೂ ಪಾಸ್. 2004ರಲ್ಲಿ ನಿಯಮ ಬಿಗಿ ಮಾಡಿದರು. ಶಾಲೆ, ಪಂಚಾಯಿತಿಯಂಥ ಕಡೆ ಕರೆಂಟ್ ಇರಬೇಕು, ಮನೆಗಳಲ್ಲಿ ಶೇ. 10ಕ್ಕೆ ಇರಬೇಕು. ಹತ್ತು! ಉಳಿದ ತೊಂಬತ್ತು?

ನೀರಿನ ಕಥೆಯೂ ಅಷ್ಟೇ. ಬೀದರಿನ ನೌಬಾದಿನಲ್ಲಿ ಬಹಮನಿ ಕಾಲದ ಸುರಂಗ ಬಾವಿ ಇದೆ. ಇಳಿಜಾರು ಹಿಡಿದು ನೀರು ತಾನೇ ಹರಿಯುವ ಹಾಗೆ ಕೊರೆದಿದ್ದಾರೆ, ಒಂದು ಯೂನಿಟ್ಟೂ ಬೇಡ. ಈಗ 10 ಎಚ್‌ಪಿವರೆಗಿನ ಪಂಪಿಗೆ ಬಿಲ್ಲಿಲ್ಲ. ಬಿಲ್ಲಿಲ್ಲ ಅಂದರೆ ಎಳೆದದ್ದಕ್ಕೆ ಲೆಕ್ಕವೂ ಇಲ್ಲ. ಬೋರ್‌ವೆಲ್ ವರ್ಷ ವರ್ಷ ಇನ್ನೂ ಕೆಳಗೆ ಇಳಿಯುತ್ತಿದೆ.

ಶಿವನಸಮುದ್ರದ ಕರೆಂಟ್ 1902ರಲ್ಲೇ ಕೋಲಾರದ ಚಿನ್ನದ ಗಣಿಗೆ ಹೋಯಿತು, 1905ರಲ್ಲಿ ಬೆಂಗಳೂರಿನ ಬೀದಿಗೆ. ಅದೆಲ್ಲಾ ಆಗಿನ ಮೈಸೂರು ಸಂಸ್ಥಾನದಲ್ಲಿ. ನಿಜಾಮರ ಕೈಕೆಳಗಿದ್ದ ನಾವು ಆ ಮೈಸೂರಿನ ಜೊತೆ ಸೇರಿದ್ದು 1956ರಲ್ಲಿ. ಮುಂದಿದ್ದವರು ಇನ್ನೂ ಮುಂದೆ ಹೋದರು. ಕೆಲಸ, ಕಾಲೇಜು ಸೀಟಿನಲ್ಲಿ ನಮ್ಮ ಪಾಲು ಕೇಳಲು 2012ರಲ್ಲಿ ಸಂವಿಧಾನವನ್ನೇ ತಿದ್ದಿ 371-ಜೆ ವಿಧಿ ತರಬೇಕಾಯಿತು. ಅಷ್ಟೊತ್ತಿಗೆ ನಮ್ಮೂರುಗಳಲ್ಲಿ ಕಂಬ ನಿಂತು ಎಷ್ಟೋ ವರ್ಷ ಆಗಿತ್ತಲ್ವಾ?