ಕೌಂಟ್ ಸಾಹೇಬರ ಎರಡು ಪದ

ಮನೆ ಮಾರಿ ದುಡ್ಡು ಎಣಿಸಿಕೊಂಡ ಮೇಲೂ ಬೀಗದ ಕೈ ಜೇಬಲ್ಲೇ ಇಟ್ಟುಕೊಂಡು ಓಡಾಡುವ ಹಳೇ ಯಜಮಾನರನ್ನು ನೀವು ನೋಡಿರಬಹುದು. ಬೆಲ್ಜಿಯಂನಲ್ಲಿ ಅಂಥವರಿಗೊಂದು ಮಂತ್ರಿಗಿರಿಯೇ ಇತ್ತು. 1960ರ ಜೂನ್ 30ಕ್ಕೆ ಅದರ ವಸಾಹತಾಗಿದ್ದ ಆಫ್ರಿಕಾದ ಕಾಂಗೋ ಸ್ವತಂತ್ರವಾಯಿತು. ಸೆಪ್ಟೆಂಬರ್‌ನಲ್ಲಿ ಕೌಂಟ್ ಹೆರಾಲ್ಡ್ ದಾಸ್ಪ್ರೆಮೋಂ ಲಿಂಡೆನ್ ಆಫ್ರಿಕಾ ವ್ಯವಹಾರಗಳ ಮಂತ್ರಿಯಾದರು. ಹೆಸರು ಪೂರ್ತಿ ಹೇಳುವಷ್ಟರಲ್ಲಿ ಕಾಫಿ ಆರಿಹೋಗುತ್ತದೆ. ಖಾತೆ ತೀರಾ ಖಾಲಿ ಏನಲ್ಲ, ಪಕ್ಕದ ರುವಾಂಡ-ಉರುಂಡಿ (ಇಂದಿನ ರುವಾಂಡ, ಬುರುಂಡಿ) ಇನ್ನೂ ಕೈಯಲ್ಲಿತ್ತು. ಆದರೆ ಕೌಂಟರ ಕಣ್ಣಿದ್ದದ್ದು ಮಾರಿದ ಮನೆಯ ಮೇಲೆ.

ಮನೆತನ ಸಾಮಾನ್ಯದ್ದಲ್ಲ. ಅದೇ ವಂಶದ ಕೌಂಟ್ ಗೋಬೆರ್ ಆಗ ದೊರೆ ಬೋದುವೆಂ ಅರಮನೆಯ ಮುಖ್ಯಾಧಿಕಾರಿ. ಇಂಥ ಮನೆಯಲ್ಲಿ ಬೆಳೆದವರ ಬಾಯಲ್ಲಿ ಒರಟು ಮಾತು ಬರುತ್ತದೆಯೇ? ಅಕ್ಟೋಬರ್ 6ರಂದು ಕೌಂಟರು, ಕಾಂಗೋದಿಂದ ಸಿಡಿದು ಬೇರೆ ದೇಶವೆಂದು ಸಾರಿಕೊಂಡಿದ್ದ ಕಟಾಂಗ ಪ್ರಾಂತ್ಯಕ್ಕೆ ತಂತಿ ಕಳಿಸಿದರು. ಕಾಂಗೋ, ಕಟಾಂಗ, ಬೆಲ್ಜಿಯಂ ಮೂವರ ಹಿತಕ್ಕೂ ಮುಖ್ಯ ಗುರಿ ಒಂದೇ, ಅದು ಕಾಂಗೋದ ಮೊದಲ ಪ್ರಧಾನಿ ಪಟ್ರಿಸ್ ಲುಮುಂಬಾರ 'ಶಾಶ್ವತ ನಿವಾರಣೆ'. ನಮ್ಮ ಬಸ್ ಸ್ಟ್ಯಾಂಡ್ ಗೋಡೆಗಳ ಮೇಲೆ ಮೂಲವ್ಯಾಧಿಗೆ ಕೊಡುವ ಭರವಸೆಯೂ ಹೆಚ್ಚುಕಡಿಮೆ ಇದೇ ಧಾಟಿಯದು.

ಅದು 'ರಾಜಕೀಯ' ನಿವಾರಣೆ ಮಾತ್ರ ಎಂದು ಆಮೇಲೆ ಅವರ ಪರದವರು ಅರ್ಥ ಬಿಡಿಸಿದರು. ಸರಿ, ಒಪ್ಪೋಣ. ಅಷ್ಟರಲ್ಲಾಗಲೇ ಲುಮುಂಬಾರ ಕುರ್ಚಿ ಹೋಗಿ ತಿಂಗಳಾಗಿತ್ತು. ಕುರ್ಚಿಯಿಲ್ಲದವನನ್ನು ಕುರ್ಚಿಯಿಂದ ಇಳಿಸುವುದು ಹೇಗೆ ಎಂಬ ವಿದ್ಯೆ ಶ್ರೀಮಂತ ಮನೆತನಗಳಿಗೇ ಗೊತ್ತಿರಬೇಕು.

1961ರ ಜನವರಿ 16ಕ್ಕೆ ಇನ್ನೊಂದು ತಂತಿ: ಸೆರೆಯಲ್ಲಿದ್ದ ಲುಮುಂಬಾರನ್ನು ತಡಮಾಡದೆ ಕಟಾಂಗಕ್ಕೆ ಸಾಗಿಸಬೇಕೆಂದು ಮಂತ್ರಿಗಳು ಖುದ್ದಾಗಿ ಒತ್ತಾಯಿಸುತ್ತಿದ್ದಾರೆ. ಬೆಲ್ಜಿಯಂನ ಸರ್ಕಾರಿ ಕಾಗದ ಅಷ್ಟು ಚುರುಕಾಗಿ ಓಡಿದ್ದು ಬೇರೆ ಯಾವಾಗಲೋ ಕಾಣೆ. ಮರುದಿನ ರಾತ್ರಿಯೇ ಗುಂಡು ಹಾರಿತು, ಜೊತೆಗಾರರಾದ ಎಂಪೋಲೊ, ಒಕಿಟೊ ಅವರಿಗೂ ಸೇರಿ. ಸ್ಥಳದಲ್ಲಿ ಬೆಲ್ಜಿಯನ್ ಅಧಿಕಾರಿಗಳಿದ್ದರು, ಬಹುಶಃ ವ್ಯವಹಾರ 'ರಾಜಕೀಯ'ವಾಗಿಯೇ ನಡೆಯುತ್ತಿದೆಯೇ ಎಂದು ನೋಡಿಕೊಳ್ಳಲು. ಶವ ಆ್ಯಸಿಡ್‌ನಲ್ಲಿ ಕರಗಿತು. ತಪ್ಪಿಸಿಕೊಂಡು ಓಡಿದಾಗ ಹಳ್ಳಿಯವರು ಕೊಂದರು ಎಂದು ಫೆಬ್ರವರಿಯಲ್ಲಿ ಕಟಾಂಗ ಸರ್ಕಾರ ಕಥೆ ಹೇಳಿತು.

ಕೌಂಟರು 1967ರಲ್ಲಿ ತೀರಿಕೊಂಡರು. ಬೆಲ್ಜಿಯಂ ಸಂಸತ್ತಿನ ಸಮಿತಿ 2001ರಲ್ಲಿ ಕಡತ ಬಿಚ್ಚಿ, ಕೆಲವು ಮಂತ್ರಿಗಳಿಗೆ 'ನೈತಿಕ ಜವಾಬ್ದಾರಿ' ಇದೆ ಎಂದಿತು. ಜಾಮೀನು ಬೇಡ, ವಕೀಲ ಬೇಡ, ಎಷ್ಟು ಹೊತ್ತರೂ ಹೆಗಲು ನೋಯದ ಹೊರೆ ಅದು. 2002ರಲ್ಲಿ ಕ್ಷಮಾಪಣೆ ಆಯಿತು. 2022ರಲ್ಲಿ ಮತ್ತೊಂದು ಸುತ್ತು.

ಎರಡನೇ ಸುತ್ತಿಗೆ ಕಾರಣ ಒಂದು ನೀಲಿ ಡಬ್ಬಿ. ಆ್ಯಸಿಡ್ ಕೆಲಸ ಮಾಡಿದ ಬೆಲ್ಜಿಯನ್ ಪೊಲೀಸ್ ಅಧಿಕಾರಿ, ತೀರ್ಥಯಾತ್ರೆಯ ಪ್ರಸಾದದಂತೆ ಊರಿಗೆ ತಂದಿಟ್ಟುಕೊಂಡಿದ್ದ, ಚಿನ್ನದ ಕವಚದ ಲುಮುಂಬಾರ ಒಂದು ಹಲ್ಲು ಅದರೊಳಗಿತ್ತು. ಬ್ರಸೆಲ್ಸ್‌ನಲ್ಲಿ ಅದನ್ನು ಅವರ ಮಕ್ಕಳ ಕೈಗಿತ್ತರು. ಆಮೇಲೆ ಆ ಒಂದು ಹಲ್ಲಿಗೆ ದೊಡ್ಡವರ ಅಳತೆಯ ಶವಪೆಟ್ಟಿಗೆ, ವಿಮಾನ, ಕಾಂಗೋದ ರಾಜಧಾನಿ ಕಿನ್ಶಾಸಾದಲ್ಲಿ ಸಮಾಧಿ. ಕೌಂಟರ ನಿವಾರಣೆ ಅಷ್ಟೇನೂ ಶಾಶ್ವತವಾಗಿರಲಿಲ್ಲ.