ಹೊಳೆಗಿಳಿಯುವ ಮೊದಲೇ ಅಂಬಿಗನಿಗೆ ರಜೆ

ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇಕೆ ಅಂತ ಗಾದೆ ಕಟ್ಟಿದವರು ತಾಳ್ಮೆಯ ಜನ. ಹೊಳೆ ದಾಟುವ ತನಕವಾದರೂ ಕಾದರು. ಈಗಿನ ನೌಕಾಪಡೆಗಳಿಗೆ, ಹಡಗು ಕಂಪನಿಗಳಿಗೆ ಅಷ್ಟೂ ಪುರುಸೊತ್ತಿಲ್ಲ. ದೋಣಿ ನೀರಿಗಿಳಿಯುವ ಮೊದಲೇ ಅಂಬಿಗನ ಲೆಕ್ಕ ಚುಕ್ತಾ ಮಾಡಿ ಕಳಿಸಿ, ಮಾನವರಹಿತ ಹಡಗು ಅಂತ ಬೋರ್ಡು ಹಾಕಿ, ರಿಬ್ಬನ್ ಕತ್ತರಿಸಿ, ಫೋಟೋ ತೆಗೆಸಿಕೊಳ್ಳುತ್ತಾರೆ. ಆಮೇಲೆ ಆ ಹಡಗನ್ನು ಕಾಯಲು ಹಿಂದೆ ಇನ್ನೊಂದು ದೋಣಿ ಹೊರಡುತ್ತದೆ. ಅದರ ತುಂಬ ಜನ.

ಉತ್ಪ್ರೇಕ್ಷೆ ಅನ್ನಿಸಿತಾ? 2025ರಲ್ಲಿ ಅಮೆರಿಕದ ನೌಕಾಪಡೆ ಕ್ಯಾಲಿಫೋರ್ನಿಯಾ ಕರಾವಳಿಯಾಚೆ ಡ್ರೋನ್ ದೋಣಿಗಳ ಪರೀಕ್ಷೆ ನಡೆಸುತ್ತಿತ್ತು. ಒಂದಕ್ಕೆ ಸಾಫ್ಟ್‌ವೇರ್ ಕೈಕೊಟ್ಟು ನೀರಿನ ಮಧ್ಯೆ ಸುಮ್ನೆ ನಿಂತುಬಿಟ್ಟಿತು. ಇನ್ನೊಂದು ಡ್ರೋನ್ ದೋಣಿ ಬಂದು ಅದರ ಬಲಮಗ್ಗುಲಿಗೆ ಗುದ್ದಿ, ಡೆಕ್ಕಿನ ಮೇಲಿಂದ ಹಾರಿ, ಮತ್ತೆ ನೀರಿಗೆ ಬಿತ್ತು. ಅಷ್ಟು ದೊಡ್ಡ ಪೆಸಿಫಿಕ್ ಸಾಗರದಲ್ಲಿ ಗುದ್ದಲು ಸಿಕ್ಕಿದ್ದು ತನ್ನದೇ ಪಡೆಯ ದೋಣಿ! ಇದಕ್ಕೂ ಮುಂಚಿನ ಇನ್ನೊಂದು ಪರೀಕ್ಷೆಯದು ಇನ್ನೂ ಚೆಂದ. ಡ್ರೋನ್ ದೋಣಿಯನ್ನು ಒಂದು ಸಹಾಯಕ ದೋಣಿ ಹಗ್ಗ ಕಟ್ಟಿ ಎಳೆದುಕೊಂಡು ಹೋಗುತ್ತಿತ್ತು. ಹಿಂದಿದ್ದ ಡ್ರೋನಿಗೆ ಇದ್ದಕ್ಕಿದ್ದಂತೆ ಹುರುಪು ಬಂದು ಎಂಜಿನ್ ಏರಿಸಿತು. ಸಹಾಯಕ ದೋಣಿ ಮಗುಚಿತು, ಅದರ ಕ್ಯಾಪ್ಟನ್ ನೀರಿಗೆ ಬಿದ್ದರು. ಪುಣ್ಯಕ್ಕೆ ಎತ್ತಿಕೊಂಡರು, ಆಸ್ಪತ್ರೆ ಬೇಡ ಅಂದರಂತೆ. ಒಂದು ದೋಣಿಯನ್ನು ಮಾನವರಹಿತ ಮಾಡಲು ಹೊರಟವರು ಅದೇ ಖರ್ಚಿನಲ್ಲಿ ಎರಡನೆಯದನ್ನೂ ಮಾನವರಹಿತ ಮಾಡಿಬಿಟ್ಟರು. ಯೋಜನೆ ಅಂದರೆ ಹೀಗಿರಬೇಕು ನೋಡಿ.

ಇದನ್ನೆಲ್ಲ ಹೊಸ ಯುಗ ಅಂತ ಕರೆಯುವವರಿಗೆ ಒಂದು ಮಾತು. ನಿಕೋಲಾ ಟೆಸ್ಲಾ ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ ತೊಟ್ಟಿಗೆ ನೀರು ತುಂಬಿಸಿ, ರೇಡಿಯೋದಲ್ಲಿ ಓಡುವ ಪುಟ್ಟ ದೋಣಿ ತೋರಿಸಿದ್ದು 1898ರಲ್ಲಿ. ಆಗಲೂ ದೋಣಿಯಲ್ಲಿ ಯಾರೂ ಇರಲಿಲ್ಲ, ಪಕ್ಕದಲ್ಲಿ ಟೆಸ್ಲಾ ನಿಂತಿದ್ದರು. ಬದಲಾಗಿದ್ದು ಇಷ್ಟೇ: ಈಗ ಪಕ್ಕದಲ್ಲಿ ನಿಲ್ಲುವವರು ಜಾಸ್ತಿ.

ಇನ್ನು ಕಾಗದಪತ್ರ. ಸಮುದ್ರದ ಕಾನೂನುಗಳನ್ನು ಬರೆದವರ ತಲೆಯಲ್ಲಿ ಹಡಗು ಅಂದರೆ ಅದರಲ್ಲೊಬ್ಬ ಮನುಷ್ಯ ಇದ್ದೇ ಇರುತ್ತಾನೆ ಅನ್ನೋದು ಎಷ್ಟು ಗಟ್ಟಿಯಾಗಿ ಕೂತಿತ್ತು ಅಂದರೆ, ಅದನ್ನು ಬೇರೆಯಾಗಿ ಹೇಳಬೇಕು ಅಂತಲೇ ಅವರಿಗೆ ಹೊಳೆಯಲಿಲ್ಲ. ಡಿಕ್ಕಿ ತಪ್ಪಿಸುವ 1972ರ ಅಂತರರಾಷ್ಟ್ರೀಯ ನಿಯಮಗಳಲ್ಲಿ ಐದನೆಯದು ಹೇಳುತ್ತದೆ: ಪ್ರತಿ ಹಡಗೂ ಸದಾ ಕಣ್ಣಿಂದ ನೋಡುತ್ತ, ಕಿವಿಯಿಂದ ಕೇಳುತ್ತ ಕಾವಲಿರಬೇಕು. ಕ್ಯಾಮೆರಾ ಕಣ್ಣಾದೀತಾ, ಮೈಕು ಕಿವಿಯಾದೀತಾ ಅಂತ ವಕೀಲರು ಇವತ್ತಿಗೂ ಜಗಳವಾಡುತ್ತಿದ್ದಾರೆ. ಕನಿಷ್ಠ ಸುರಕ್ಷಿತ ಸಿಬ್ಬಂದಿ ಎಷ್ಟು ಅನ್ನೋ ಪ್ರಮಾಣಪತ್ರವೊಂದು ಬೇರೆ ಇರಬೇಕು. ಬಂದರಿನ ಅಧಿಕಾರಿಯ ಮೇಜಿನ ಮುಂದೆ ಇಂಥ ಹಡಗಿನ ಕಂಪನಿಯ ಹುಡುಗ ಬಂದು ನಿಂತ ಅಂತಿಟ್ಟುಕೊಳ್ಳಿ.

"ಕ್ಯಾಪ್ಟನ್ ಎಲ್ಲಪ್ಪಾ?"

"ಇಲ್ಲ ಸರ್."

"ಇಲ್ಲ ಅಂದರೆ? ಊಟಕ್ಕೆ ಹೋಗಿದ್ದಾರಾ?"

"ಹಡಗಲ್ಲೇ ಇಲ್ಲ ಸರ್. ಯಾರೂ ಇಲ್ಲ."

"ಸರಿ, ಕನಿಷ್ಠ ಸಿಬ್ಬಂದಿ ಸೊನ್ನೆ ಅಂತ ಬರೀತೀನಿ. ಒಟ್ಟು ಎಷ್ಟು ಜನ?"

"ದಡದಲ್ಲಿ ಕೂತಿರೋರನ್ನೂ ಸೇರಿಸಬೇಕಾ ಸರ್?"

"ಎಷ್ಟಿದ್ದಾರೆ?"

"ಪಾಳಿ ಮೇಲೆ ಬರ್ತಾರೆ ಸರ್, ಕಾಲಂ ಸಾಕಾಗಲ್ಲ."

ಯುದ್ಧನೌಕೆ ಕಥೆ ಇನ್ನೂ ಮಜಾ. 1982ರ ಸಮುದ್ರ ಕಾನೂನು ಒಪ್ಪಂದದ 29ನೇ ವಿಧಿಯ ಪ್ರಕಾರ ಯುದ್ಧನೌಕೆ ಅಂತ ಅನ್ನಿಸಿಕೊಳ್ಳಬೇಕಾದರೆ ಸರ್ಕಾರ ನೇಮಿಸಿದ ಅಧಿಕಾರಿಯೊಬ್ಬ ಅದರ ನಾಯಕನಾಗಿರಬೇಕು, ಸೇನಾ ಶಿಸ್ತಿಗೆ ಒಳಪಟ್ಟ ಸಿಬ್ಬಂದಿ ಅದರಲ್ಲಿರಬೇಕು. ಅಂದಮೇಲೆ ಹೊಟ್ಟೆ ತುಂಬ ಸ್ಫೋಟಕ ತುಂಬಿಕೊಂಡು ಶತ್ರುವಿನ ಬಂದರಿಗೆ ನುಗ್ಗುವ ಡ್ರೋನ್ ದೋಣಿ ಅಕ್ಷರಶಃ ಓದಿದರೆ ಯುದ್ಧನೌಕೆಯೇ ಅಲ್ಲ. ಆಟಕ್ಕುಂಟು, ಲೆಕ್ಕಕ್ಕಿಲ್ಲ.

ಈ ಲೆಕ್ಕಕ್ಕಿಲ್ಲದ ಸ್ಥಿತಿಯನ್ನು ಚೆನ್ನಾಗಿ ಅರ್ಥ ಮಾಡಿಕೊಂಡವರು ಇರಾನಿನವರು. 2022ರ ಆಗಸ್ಟ್ ಕೊನೆಯಲ್ಲಿ ಪರ್ಷಿಯನ್ ಕೊಲ್ಲಿಯಲ್ಲಿ ಅಮೆರಿಕದ ಸೈಲ್‌ಡ್ರೋನ್ ಒಂದು ತನ್ನ ಪಾಡಿಗೆ ತಾನು ತೇಲುತ್ತಿತ್ತು. ಏಳು ಮೀಟರ್ ಉದ್ದ, ಮೇಲೊಂದು ಹಾಯಿ, ಕ್ಯಾಮೆರಾ, ಸೆನ್ಸರ್. ಇರಾನಿನ ಹಡಗೊಂದು ಬಂದು ಹಗ್ಗ ಕಟ್ಟಿ ಎಳೆಯಲು ಶುರು ಮಾಡಿತು. ಅಮೆರಿಕದ ಗಸ್ತು ನೌಕೆ, ಹೆಲಿಕಾಪ್ಟರ್ ಓಡಿ ಬಂದವು. ಸುಮಾರು ನಾಲ್ಕು ಗಂಟೆಯ ಮೇಲೆ ಹಗ್ಗ ಬಿಚ್ಚಿದರು. ಕೆಲವೇ ದಿನಗಳಲ್ಲಿ ಕೆಂಪು ಸಮುದ್ರದಲ್ಲಿ ಮತ್ತೆ ಅದೇ ಆಟ. ಈ ಸಲ ಜಮಾರನ್ ಅನ್ನೋ ಇರಾನಿ ಯುದ್ಧನೌಕೆ ಎರಡು ಸೈಲ್‌ಡ್ರೋನ್‌ಗಳನ್ನು ಎತ್ತಿ ತನ್ನ ಡೆಕ್ಕಿನ ಮೇಲೇ ಇಟ್ಟುಕೊಂಡಿತು, ಮೇಲೆ ಟಾರ್ಪಾಲು ಹೊದಿಸಿತು. ಮರುದಿನ ವಾಪಸ್ ಕೊಟ್ಟ ದೃಶ್ಯವನ್ನು ಇರಾನಿನ ಟೀವಿಯೇ ತೋರಿಸಿತು. ಲೈಫ್ ಜಾಕೆಟ್ ಹಾಕಿಕೊಂಡ ನಾವಿಕರ ಗುಂಪು ಒಟ್ಟಿಗೆ ಭುಜ ಕೊಟ್ಟು, ಭಾರದ ಬೀರು ನೂಕುವ ಹಾಗೆ ನೂಕಿ ನೂಕಿ, ಅಂತೂ ಡ್ರೋನನ್ನು ಅಂಚಿನಿಂದ ನೀರಿಗೆ ಉರುಳಿಸಿತು. ಹಡಗಿನ ದಾರಿಯಲ್ಲಿ ಅನಾಥವಾಗಿ ಬಿದ್ದಿದ್ದವು, ಯಾರಿಗೂ ಅಪಘಾತ ಆಗದಿರಲಿ ಅಂತ ಎತ್ತಿಟ್ಟೆವು ಅನ್ನೋದು ಅವರ ವಿವರಣೆ. ಎಷ್ಟು ಒಳ್ಳೆಯ ಮನಸ್ಸು! ವಾಪಸ್ ಬಂದಾಗ ಕ್ಯಾಮೆರಾಗಳು ಮಾತ್ರ ಇರಲಿಲ್ಲ ಅಂತ ಅಮೆರಿಕದವರು ಹೇಳಿದರು. ಬಹುಶಃ ಅವೂ ಅನಾಥವಾಗಿದ್ದವೇನೋ.

ಈ ಎರಡು ಡ್ರೋನ್ ಬಿಡಿಸಿಕೊಳ್ಳಲು ಹೋಗಿದ್ದು ಡಿಸ್ಟ್ರಾಯರ್ ಅನ್ನೋ ಎರಡು ದೊಡ್ಡ ಯುದ್ಧನೌಕೆಗಳು. ಒಂದೊಂದರಲ್ಲೂ 300ರ ಆಸುಪಾಸು ಜನ. ಇಲ್ಲಿ ಒಂದು ಹಳೆಯ ಲೆಕ್ಕ ನೆನಪಿಗೆ ಬರುತ್ತದೆ. 2016ರಲ್ಲಿ ಅಮೆರಿಕ ಸೀ ಹಂಟರ್ ಅನ್ನೋ 132 ಅಡಿಯ ಮಾನವರಹಿತ ಹಡಗು ತೋರಿಸಿದಾಗ, ಇದರ ಖರ್ಚು ದಿನಕ್ಕೆ 15ರಿಂದ 20 ಸಾವಿರ ಡಾಲರ್, ಅದೇ ಡಿಸ್ಟ್ರಾಯರ್ ಆದರೆ ದಿನಕ್ಕೆ ಸುಮಾರು 7 ಲಕ್ಷ ಡಾಲರ್ ಅಂತ ಉಳಿತಾಯದ ಪಟ್ಟಿ ಕೊಟ್ಟಿದ್ದರು. ಪಟ್ಟಿ ಸರಿಯಾಗಿಯೇ ಇದೆ. ಆದರೆ ಅಗ್ಗದ ದೋಣಿ ಕಳುವಾದಾಗ ಅದನ್ನು ಹುಡುಕಿಕೊಂಡು ಹೋಗುವುದು ದುಬಾರಿ ಹಡಗು ಅನ್ನೋ ಸಾಲು ಅದರಲ್ಲಿರಲಿಲ್ಲ.

ವ್ಯಾಪಾರದ ಕಡೆಯವರು ಏನೂ ಕಡಿಮೆಯಿಲ್ಲ. ನಾರ್ವೆಯ ಯಾರಾ ಬಿರ್ಕೆಲ್ಯಾಂಡ್ ಅನ್ನೋ ವಿದ್ಯುತ್ ಕಂಟೇನರ್ ಹಡಗು ವರ್ಷಕ್ಕೆ 40 ಸಾವಿರ ಲಾರಿ ಓಡಾಟ ತಪ್ಪಿಸುತ್ತದೆ ಅಂದರು, ಒಳ್ಳೆಯದೇ. ಜಗತ್ತೆಲ್ಲ ಅದನ್ನು ಸ್ವಯಂಚಾಲಿತ ಹಡಗು ಅಂತ ಹೊಗಳಿತು. 2022ರಲ್ಲಿ ಅದು ಸರಕು ಸಾಗಿಸಲು ಶುರು ಮಾಡಿದಾಗ ಒಳಗೆ ಸಿಬ್ಬಂದಿ ಇದ್ದರು.

ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಮೇಫ್ಲವರ್. 1620ರಲ್ಲಿ 102 ಪ್ರಯಾಣಿಕರನ್ನು ಹೊತ್ತು ಅಟ್ಲಾಂಟಿಕ್ ದಾಟಿದ ಹಡಗಿನ ಹೆಸರನ್ನೇ ಇಟ್ಟು, ಐಬಿಎಂ ಕಂಪನಿ ಮತ್ತು ಪ್ರೊಮೇರ್ ಅನ್ನೋ ಸಾಗರ ಸಂಶೋಧನಾ ಸಂಸ್ಥೆ ಸೇರಿ 15 ಮೀಟರ್ ಉದ್ದದ ಹೊಸ ದೋಣಿ ಕಟ್ಟಿದವು. ಕ್ಯಾಪ್ಟನ್ ಜಾಗದಲ್ಲಿ ಕೃತಕ ಬುದ್ಧಿಮತ್ತೆ. 2021ರ ಜೂನ್‌ನಲ್ಲಿ ಇಂಗ್ಲೆಂಡಿನ ಪ್ಲಿಮತ್‌ನಿಂದ ಹೊರಟಿತು. ಮೂರು ದಿನಕ್ಕೆ ಯಂತ್ರದ ಯಾವುದೋ ಭಾಗ ಕೆಟ್ಟು ವಾಪಸ್ ಬಂತು. 2022ರಲ್ಲಿ ಮತ್ತೆ ಹೊರಟಿತು. ಜನರೇಟರ್ ತೊಂದರೆ ಅಂತ ಅಜೋರ್ಸ್ ದ್ವೀಪಗಳ ಕಡೆ ತಿರುಗಿಸಿದರು. ರಿಪೇರಿಯಾಗಿ ಹೊರಟಿತು, ಮತ್ತೆ ತೊಂದರೆ, ಈ ಸಲ ಕೆನಡಾದ ಹ್ಯಾಲಿಫ್ಯಾಕ್ಸ್. ಕೊನೆಗೆ ಜೂನ್ 30ರಂದು ಅಮೆರಿಕದ ಪ್ಲಿಮತ್ ಮುಟ್ಟಿತು. ದಾರಿಯುದ್ದಕ್ಕೂ ಆ ಕೃತಕ ಕ್ಯಾಪ್ಟನ್ ಪಾಪ ತನ್ನ ಕೆಲಸ ಚೆನ್ನಾಗಿಯೇ ಮಾಡಿತ್ತು. ದಿಕ್ಕು ಗೊತ್ತಿತ್ತು, ಹವಾಮಾನ ಗೊತ್ತಿತ್ತು, ಎದುರು ಬರುವ ಹಡಗು ಗೊತ್ತಿತ್ತು. ಗೊತ್ತಿಲ್ಲದಿದ್ದದ್ದು ಸ್ಪ್ಯಾನರ್ ಹಿಡಿಯುವುದು. ಮೇಲೆ ಹಡಗು ನಡೆಸುವ ಕೋಣೆಯಲ್ಲಿ ಬಿಳಿ ಬಟ್ಟೆ ಹಾಕಿಕೊಂಡು ನಿಲ್ಲುವ ಕ್ಯಾಪ್ಟನ್ ಇಲ್ಲದೆಯೂ ನಡೆದೀತು, ಕೆಳಗೆ ಎಂಜಿನ್ ರೂಮಿನಲ್ಲಿ ಗ್ರೀಸು ಮೆತ್ತಿಕೊಂಡು ಬೈಯುತ್ತ ಬೋಲ್ಟು ಬಿಗಿ ಮಾಡುವವನಿಲ್ಲದೆ ಮಾತ್ರ ಹಡಗು ಓಡುವುದಿಲ್ಲ ಅಂತ ಯಾವ ನಾವಿಕನನ್ನು ಕೇಳಿದ್ದರೂ ಪುಕ್ಕಟೆ ಹೇಳುತ್ತಿದ್ದ.

ಹಾಗಂತ ಎಲ್ಲವೂ ಬೂಟಾಟಿಕೆ ಅಂತ ನಾನು ಹೇಳುತ್ತಿಲ್ಲ. 2021ರಲ್ಲಿ ಸ್ಯಾಮ್ ಚಂಡಮಾರುತದ ಒಳಗೇ ಹೋಗಿ, 50 ಅಡಿ ಅಲೆಗಳ ನಡುವಿಂದ ವಿಡಿಯೋ ಕಳಿಸಿದ್ದು ಒಂದು ಸೈಲ್‌ಡ್ರೋನ್. ಅಲ್ಲಿಗೆ ಮನುಷ್ಯನನ್ನು ಕಳಿಸುವವನಿಗೆ ತಲೆ ಸರಿ ಇರುವುದಿಲ್ಲ. ಯುಕ್ರೇನ್ ಕಥೆಯೂ ಬೇರೆ. 2022ರಲ್ಲಿ ತನ್ನ ದೊಡ್ಡ ಯುದ್ಧನೌಕೆಯನ್ನು ಶತ್ರುವಿನ ಕೈಗೆ ಸಿಗಬಾರದು ಅಂತ ತಾನೇ ಮುಳುಗಿಸಿಕೊಂಡ ದೇಶ ಅದು. ಹಡಗಿಲ್ಲ, ಆದ್ದರಿಂದ ಡ್ರೋನ್ ದೋಣಿ. 2024ರ ಮೊದಲ ಕೆಲವು ತಿಂಗಳಲ್ಲೇ ಇವಾನೊವೆಟ್ಸ್, ಸೀಸರ್ ಕುನಿಕೊವ್, ಸೆರ್ಗೆಯ್ ಕೊಟೊವ್ ಅನ್ನೋ ಮೂರು ರಷ್ಯನ್ ಹಡಗುಗಳನ್ನು ತಳ ಸೇರಿಸಿತು. ಅಲ್ಲೂ ಪ್ರತಿ ದೋಣಿಯ ಹಿಂದೆ ಪರದೆ ನೋಡುತ್ತ ಕೂತ ಮನುಷ್ಯ ಇದ್ದ, ಅದನ್ನು ಅವರು ಮುಚ್ಚಿಡಲಿಲ್ಲ. ನಗು ಬರುವುದು ಉಳಿದವರನ್ನು ನೋಡಿ. ಗತಿಯಿಲ್ಲದವನು ಗತಿಯಿಲ್ಲದ್ದಕ್ಕೆ ಮಾಡಿದ ಉಪಾಯವನ್ನು, ಬಂದರು ತುಂಬ ಹಡಗು ಇಟ್ಟುಕೊಂಡ ಶ್ರೀಮಂತ ನೌಕಾಪಡೆಗಳು ಈಗ ಟೆಂಡರ್ ಕರೆದು, ಸಮಿತಿ ಮಾಡಿ, ಮೂರು ಪಟ್ಟು ದಾಖಲೆ ಬರೆಸಿ ಕಲಿಯಲು ಹೊರಟಿವೆ.

ಸಮಿತಿ ಅಂದಮೇಲೆ ಅಂತರರಾಷ್ಟ್ರೀಯ ಸಾಗರ ಸಂಸ್ಥೆಯನ್ನು ಬಿಡೋದು ಹೇಗೆ? ಸ್ವಯಂಚಾಲಿತ ಹಡಗುಗಳಿಗೆ ಕಡ್ಡಾಯ ನಿಯಮ 2028ಕ್ಕೆ ಜಾರಿ ಅಂತ ಮೊದಲು ಗುರಿ ಇಟ್ಟಿದ್ದರು. ಆಮೇಲೆ ಅದು 2032ರ ಜನವರಿ 1ಕ್ಕೆ ಜಾರಿತು. ವರ್ಷಗಟ್ಟಲೆ ಚರ್ಚೆ ಮಾಡಿ ಅವರು ಒಪ್ಪಿಕೊಂಡ ಮುಖ್ಯ ವಿಷಯ ಏನು ಗೊತ್ತಾ? ಹಡಗು ಎಷ್ಟೇ ಸ್ವಯಂಚಾಲಿತ ಆಗಿರಲಿ, ಅದಕ್ಕೆ ಜವಾಬ್ದಾರನಾಗಿ ಮನುಷ್ಯ ಕ್ಯಾಪ್ಟನ್ ಒಬ್ಬ ಇರಲೇಬೇಕು. ಹಡಗಿನಲ್ಲೇ ಇರಬೇಕು ಅಂತೇನಿಲ್ಲ.

ಸರಿ, ಇದ್ದಾನೆ ಅಂತಿಟ್ಟುಕೊಳ್ಳೋಣ. ದಡದ ಏಸಿ ಕೋಣೆಯಲ್ಲಿ, ನಾಲ್ಕು ಪರದೆಗಳ ಮುಂದೆ. ಸಮುದ್ರದಲ್ಲಿ ಯಾರಾದರೂ ಅಪಾಯದಲ್ಲಿದ್ದರೆ ನೆರವಿಗೆ ಹೋಗುವುದು ಪ್ರತಿ ಕ್ಯಾಪ್ಟನ್‌ನ ಕರ್ತವ್ಯ, ಇದು ಸಮುದ್ರದ ಅತಿ ಹಳೆಯ ನಿಯಮ. ಒಂದು ದಿನ ಮೀನುಗಾರನೊಬ್ಬ ಮಗುಚಿದ ದೋಣಿ ಹಿಡಿದುಕೊಂಡು ತೇಲುತ್ತಿದ್ದಾನೆ. ದೂರದಲ್ಲಿ ಹಡಗು ಕಂಡಿತು, ಅಂಗಿ ಬಿಚ್ಚಿ ಬೀಸಿದ. ಹಡಗಿನ ಕ್ಯಾಮೆರಾ ಅವನನ್ನು ಸರಿಯಾಗಿಯೇ ಗುರುತಿಸಿತು: ಮುಂದೆ ಅಡೆತಡೆ ಇದೆ, ಸುರಕ್ಷಿತ ಅಂತರ ಕಾಯ್ದುಕೊಳ್ಳಿ. ಕೋಣೆಯಲ್ಲಿ ಮೂರನೇ ಪರದೆ ಕೆಂಪಾಯಿತು. ಕ್ಯಾಪ್ಟನ್ ಜೂಮ್ ಮಾಡಿದ. ಮನುಷ್ಯ! ಗಾಬರಿಯಾಗಿ ಹಡಗು ನಿಲ್ಲಿಸಿದ. ನಿಲ್ಲಿಸಿ? ಹಗ್ಗ ಎಸೆಯಲು ಯಾರಿದ್ದಾರೆ? ಆತ ಮೈಕ್ ಹಿಡಿದು ಸುತ್ತಮುತ್ತಲಿನವರಿಗೆಲ್ಲ ಕೂಗಿ ಕೇಳಿದ, "ಹತ್ತಿರದಲ್ಲಿ ಜನ ಇರೋ ಹಡಗು ಯಾವುದಾದರೂ ಇದೆಯಾ?"