ಇಲ್ಲಿ ಹೆಸರು ಪಕ್ಕಾ, ಅಲ್ಲಿ ಗೆರೆ ಪಕ್ಕಾ

“ನಿಮ್ಮ ಇಂಗ್ಲೆಂಡಲ್ಲಿ ಬಿಡಪ್ಪಾ, ರೆಕಾರ್ಡೆಲ್ಲ ಸರಿಯಾಗಿರುತ್ತೆ. ಬದುವಿನ ಜಗಳ ಎಲ್ಲಿಂದ ಬರಬೇಕು?” ತುಮಕೂರು ಕಡೆಯ ನಮ್ಮ ನೆಂಟರು ಆಗಾಗ ಹೀಗೆ ಹೇಳುತ್ತಾರೆ. ಬರುತ್ತೆ, ಚೆನ್ನಾಗೇ ಬರುತ್ತೆ ಅಂದರೆ ಯಾರೂ ನಂಬುವುದಿಲ್ಲ. ಇಲ್ಲೂ ಅಕ್ಕಪಕ್ಕದ ಮನೆಯವರು ಒಂದಡಿ ಜಾಗಕ್ಕೆ ಕೋರ್ಟಿಗೆ ಹೋಗುತ್ತಾರೆ. ಎಷ್ಟೋ ಸಲ ಜಾಗದ ಬೆಲೆಗಿಂತ ವಕೀಲರ ಫೀಸೇ ಜಾಸ್ತಿಯಾಗುತ್ತದೆ.

ಜಾಗ ಯಾರದ್ದು ಅಂತ ಇಲ್ಲಿನ ದಾಖಲೆ ಖಚಿತವಾಗಿ ಹೇಳುತ್ತದೆ. ಎಲ್ಲಿಂದ ಎಲ್ಲಿಯವರೆಗೆ ಅಂತ ಕೇಳಿದರೆ ಸುಮ್ಮನಾಗುತ್ತದೆ. ನಮ್ಮ ಹಳ್ಳಿಗಳಲ್ಲಿ ಇದು ಉಲ್ಟಾ.

ಇಂಗ್ಲೆಂಡ್ ಮತ್ತು ವೇಲ್ಸ್‌ನ ಲ್ಯಾಂಡ್ ರಿಜಿಸ್ಟ್ರಿ ಶುರುವಾಗಿದ್ದು 1862ರಲ್ಲಿ. ಅದರ ಪುಸ್ತಕದಲ್ಲಿ ನಿಮ್ಮ ಹೆಸರಿದ್ದರೆ ನೀವೇ ಮಾಲೀಕರು. ದಾಖಲೆಯಲ್ಲಿ ತಪ್ಪಾಗಿ ನಿಮಗೆ ನಷ್ಟವಾದರೆ ಪರಿಹಾರ ಕೊಡುವ ವ್ಯವಸ್ಥೆಯೂ ಇದೆ. ಆದರೆ ಜೊತೆಗಿರುವ ನಕ್ಷೆಯಲ್ಲಿ ಜಾಗದ ಸುತ್ತ ಒಂದು ಕೆಂಪು ಗೆರೆ ಇರುತ್ತದೆ ನೋಡಿ, ಅದು ಬರೀ ಅಂದಾಜಿನ ಗಡಿ. ಕಾನೂನೇ ಹಾಗೆ ಹೇಳುತ್ತದೆ. ಪೇಟೆಯ ನಕ್ಷೆಯ ಅಳತೆ ಸಾಮಾನ್ಯವಾಗಿ 1:1250. ಕಾಲು ಮಿಲಿಮೀಟರ್ ದಪ್ಪದ ಗೆರೆಯೇ ನೆಲದ ಮೇಲೆ ಒಂದಡಿ ಆಗಿಬಿಡುತ್ತದೆ. ಜಗಳ ಶುರುವಾಗೋದಕ್ಕೆ ಅಷ್ಟು ಸಾಕಲ್ವಾ?

ಆಗ ಹಳೇ ಪತ್ರ, ಹಳೇ ಫೋಟೊ, ಬೇಲಿಯ ಕಂಬ ಎಲ್ಲ ಹುಡುಕಬೇಕು. ಹಳ್ಳಿಗಾಡಿನಲ್ಲಿ ಒಂದು ಮಜವಾದ ನಿಯಮ ಇದೆ. ಎರಡು ಹೊಲಗಳ ನಡುವೆ ಗಿಡದ ಬೇಲಿ ಮತ್ತು ಚರಂಡಿ ಇದ್ದರೆ, ಗಡಿ ಇರುವುದು ಬೇಲಿ ಕಡೆಯಿಂದ ನೋಡಿದರೆ ಚರಂಡಿಯ ಆಚೆ ದಡದಲ್ಲಿ. ಯಾಕೆಂದರೆ ಚರಂಡಿ ತೋಡಿದವನು ತನ್ನ ಜಾಗದ ತುದಿಯಲ್ಲೇ ತೋಡಿರುತ್ತಾನೆ. ತೆಗೆದ ಮಣ್ಣನ್ನು ತನ್ನ ಕಡೆಗೇ ಹಾಕಿ, ಆ ದಿಬ್ಬದ ಮೇಲೆ ಬೇಲಿ ನೆಟ್ಟಿರುತ್ತಾನೆ. ಇಂಥದ್ದೇ ಒಂದು ಕೇಸು 1999ರಲ್ಲಿ ಆಗಿನ ಅತಿ ದೊಡ್ಡ ಕೋರ್ಟಾಗಿದ್ದ ಹೌಸ್ ಆಫ್ ಲಾರ್ಡ್ಸ್‌ವರೆಗೂ ಹೋಗಿತ್ತು. ಬೆಲೆಯಿಲ್ಲದ ಚೂರು ಜಾಗಕ್ಕೆ ಜನ ಇಷ್ಟೊಂದು ದುಡ್ಡು ಸುರಿಯುತ್ತಾರಲ್ಲ ಎಂದು ಲಾರ್ಡ್ ಹಾಫ್‌ಮನ್ ತೀರ್ಪಿನಲ್ಲೇ ಬೇಸರಪಟ್ಟುಕೊಂಡಿದ್ದರು.

ಈಗ ನಮ್ಮ ಕಡೆ ನೋಡಿ. ಪ್ರತಿ ಸರ್ವೆ ನಂಬರಿಗೂ ಟಿಪ್ಪಣಿ ಅನ್ನುವ ಅಳತೆಯ ದಾಖಲೆ ಇರುತ್ತದೆ. ಯಾವ ಕಲ್ಲಿನಿಂದ ಯಾವ ಕಲ್ಲಿಗೆ ಎಷ್ಟು ದೂರ ಅಂತ ಸರಪಳಿ ಹಿಡಿದು ಅಳೆದು ಬರೆದಿಟ್ಟಿದ್ದಾರೆ. ಎಕರೆಗೆ 40 ಗುಂಟೆ, ಗುಂಟೆಗೆ 16 ಆಣೆ, ಅಲ್ಲಿಯವರೆಗೂ ಲೆಕ್ಕ. ಪಕ್ಕದವನು ವರ್ಷಕ್ಕೊಂದು ಸಾಲು ಬದು ಒತ್ತಿಕೊಂಡು ಬಂದರೆ, ಬಾಂದುಕಲ್ಲು ಕಿತ್ತು ಹಾಕಿದರೆ, ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸಿಕೊಡಿ ಅಂತ, ಅರ್ಜಿ ಹಾಕಬಹುದು. ಅಕ್ಕಪಕ್ಕದವರಿಗೆ ನೋಟಿಸ್ ಕೊಟ್ಟು, ಸರ್ವೆಯರ್ ಬಂದು ಅಳೆದು ಕಲ್ಲು ನೆಡಿಸುತ್ತಾರೆ. ಇಂಗ್ಲೆಂಡಿನಲ್ಲಿ ಈ ಕೆಲಸಕ್ಕೆ ಸರ್ಕಾರದ ಸರ್ವೆಯರ್ ಬರುವುದಿಲ್ಲ. ನೀವೇ ದುಡ್ಡು ಕೊಟ್ಟು ಖಾಸಗಿಯವರನ್ನು ಕರೆಸಬೇಕು. ಪಕ್ಕದವರು ಇನ್ನೊಬ್ಬರನ್ನು ಕರೆಸುತ್ತಾರೆ. ಇಬ್ಬರ ವರದಿಯೂ ಬೇರೆ ಬೇರೆ!

ನಮ್ಮಲ್ಲಿ ಎಡವುವುದು ಹೆಸರಿನಲ್ಲಿ. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 133ನೇ ಸೆಕ್ಷನ್ ಪ್ರಕಾರ, ತಪ್ಪು ಎಂದು ಸಾಬೀತಾಗುವವರೆಗೆ ಪಹಣಿಯಲ್ಲಿ, ಅಂದರೆ ಜಮೀನಿನ ಹಕ್ಕುದಾಖಲೆಯಲ್ಲಿ, ಇರುವುದು ಸರಿ. ಅಷ್ಟೇ. ಖಾತೆ ಬದಲಾದ ಮಾತ್ರಕ್ಕೆ ಮಾಲೀಕತ್ವ ಬರುವುದಿಲ್ಲ, ಅದು ಕಂದಾಯದ ಲೆಕ್ಕಕ್ಕೆ ಎಂದು ಸುಪ್ರೀಂ ಕೋರ್ಟ್ ಎಷ್ಟೋ ಸಲ ಹೇಳಿದೆ. ಭೂಮಿ ಯೋಜನೆ ಬಂದು ಪಹಣಿ ಕಂಪ್ಯೂಟರಿಗೆ ಹೋದದ್ದು ದೊಡ್ಡ ಕೆಲಸವೇ. ಆದರೆ ಹಳೇ ಪುಸ್ತಕದಲ್ಲಿದ್ದ ತಪ್ಪೂ ನೀಟಾಗಿ ಪ್ರಿಂಟ್ ಆಗಿ ಬಂತು. ನಮ್ಮ ಮನೆಯದ್ದೇ ಒಂದು ಜಮೀನು ಬಹಳ ಕಾಲ ಅಜ್ಜನ ಹೆಸರಲ್ಲೇ ಇತ್ತು. ಪೌತಿ ಖಾತೆ, ಅಂದರೆ ಸತ್ತವರ ಹೆಸರಿಂದ ವಾರಸುದಾರರ ಹೆಸರಿಗೆ ಬದಲಾವಣೆ, ಮಾಡಿಸಿರಲಿಲ್ಲ. ಅಣ್ಣತಮ್ಮಂದಿರು ಬಾಯಿಮಾತಲ್ಲೇ ಪಾಲು ಮಾಡಿಕೊಂಡು ಉಳುತ್ತಿದ್ದರು. ಪೋಡಿ ಆಗದೆ, ಅಂದರೆ ಪಾಲುಗಳನ್ನು ಅಳೆದು ಬೇರೆ ಬೇರೆ ಮಾಡದೆ, ನಾಲ್ಕಾರು ಹೆಸರು ಒಂದೇ ಪಹಣಿಯಲ್ಲಿ ಇದ್ದರೆ, ಎಷ್ಟು ಒಳ್ಳೆ ಟಿಪ್ಪಣಿ ಇದ್ದರೂ ಹೊರಗಿನ ಗಡಿ ಮಾತ್ರ ಸಿಗುತ್ತದೆ. ಒಳಗೆ ಯಾರ ಭಾಗ ಎಲ್ಲಿ ಅಂತ ಅದಕ್ಕೇನು ಗೊತ್ತು?

ಹಾಗಾಗಿ ಇಂಗ್ಲೆಂಡಿನಂತೆ ಮಾಲೀಕತ್ವಕ್ಕೆ ಸರ್ಕಾರವೇ ಗ್ಯಾರಂಟಿ ಕೊಡಲಿ ಎನ್ನುವವರ ಮಾತು ನನಗೆ ಒಪ್ಪಿಗೆಯಿಲ್ಲ. ಮೊದಲು ಪೌತಿ ಖಾತೆ, ಪೋಡಿ ಮುಗಿಯಲಿ. ಸತ್ತವರ ಹೆಸರಿಗೆ ಗ್ಯಾರಂಟಿ ಕೊಟ್ಟು ಏನು ಮಾಡುವುದು?

ಇಂಗ್ಲೆಂಡಿನಿಂದ ತೆಗೆದುಕೊಳ್ಳಬೇಕಾದ್ದು ಎರಡು ಸಣ್ಣ ಪದ್ಧತಿ. ಇಲ್ಲಿ ಮನೆ ಮಾರುವಾಗ ತುಂಬುವ ಫಾರಂನಲ್ಲಿ ಪಕ್ಕದವರ ಜೊತೆ ತಕರಾರು ಇದೆಯಾ, ಯಾವ ಬೇಲಿಯನ್ನು ಯಾರು ನೋಡಿಕೊಳ್ಳುತ್ತಾರೆ ಎಂಬ ಪ್ರಶ್ನೆಗಳಿರುತ್ತವೆ. ಸುಳ್ಳು ಹೇಳಿದರೆ ಕೊಂಡವರು ಆಮೇಲೆ ಕೇಸು ಹಾಕಬಹುದು. ಆ ಹೆದರಿಕೆಗೇ ಕೆಲವರು ಜಗಳವನ್ನು ಬೆಳೆಸದೆ ಮಾತಲ್ಲಿ ಮುಗಿಸುತ್ತಾರೆ. ನಮ್ಮ ಕ್ರಯಪತ್ರದಲ್ಲಿ “ಯಾವುದೇ ತಂಟೆ ತಕರಾರು ಇರುವುದಿಲ್ಲ” ಅಂತ ಪತ್ರ ಬರೆಯುವವರೇ ಸೇರಿಸಿಬಿಡುತ್ತಾರೆ. ಮಾರುವವರು ಅದನ್ನು ಓದಿಯೂ ಇರುವುದಿಲ್ಲ.

ಇನ್ನೊಂದು, ಅಕ್ಕಪಕ್ಕದವರು ಗಡಿ ಬಗ್ಗೆ ಒಪ್ಪಂದ ಬರೆದು ಸಹಿ ಹಾಕಿದರೆ ಲ್ಯಾಂಡ್ ರಿಜಿಸ್ಟ್ರಿ ಅದನ್ನು ದಾಖಲೆಯಲ್ಲಿ ನಮೂದಿಸುತ್ತದೆ. ಮುಂದೆ ಕೊಳ್ಳುವವರಿಗೂ ಅದು ಕಾಣುತ್ತದೆ. ನಮ್ಮೂರಲ್ಲೂ ಹಿರಿಯರು ಕೂತು ಪಂಚಾಯ್ತಿ ಮಾಡಿ ಎಷ್ಟೋ ಗಡಿ ತೀರ್ಮಾನ ಮಾಡುತ್ತಾರೆ. ಆ ಚೀಟಿ ಯಾರದೋ ಟ್ರಂಕಿನಲ್ಲಿ ಉಳಿಯುತ್ತದೆ, ಮಕ್ಕಳ ಕಾಲಕ್ಕೆ ಮತ್ತೆ ಜಗಳ. ಬ್ಯಾಂಕ್ ಸಾಲ, ಕೋರ್ಟ್ ತಡೆಯಾಜ್ಞೆ ಎಲ್ಲ ಪಹಣಿಯ 11ನೇ ಕಾಲಂನಲ್ಲಿ ಬರುತ್ತವೆ. ಹದ್ದುಬಸ್ತು ಮಾಡಿಸಿ, ಇಬ್ಬರೂ ಒಪ್ಪಿ ಸಹಿ ಮಾಡಿದ ಗಡಿ ಒಪ್ಪಂದವನ್ನೂ ಅಲ್ಲೇ ಒಂದು ಸಾಲು ನಮೂದಿಸಲಿ. ಅದಕ್ಕೆ ಹೊಸ ಇಲಾಖೆಯೇನೂ ಬೇಕಾಗಿಲ್ಲ.